ಕಾಡಿನಲ್ಲಿ ಸಿಕ್ಕ ಕ್ಯಾಮರಾ

ಭಾನುವಾರ ಬಂತೆಂದರೆ ಬೆಂಗಳೂರಿನ ಸುತ್ತಲಿನ ಬೆಟ್ಟಗಳಲ್ಲಿ ತರುಣರ ಸಂದಣಿ. ಜಿಗಣಿ, ಆನೇಕಲ್ಲುಗಳ ಕಡೆಯಿಂದ ಹೊರಟ ವಿದ್ಯಾರ್ಥಿಗಳ ಗುಂಪೊಂದು ಸಾವನದುರ್ಗವನ್ನು ಹತ್ತಿಳಿದು ಸಂಜೆ ಮನೆಗೆ ಮರಳುವ ವೇಳೆಗೆ ಅವರ ಫೋನುಗಳಲ್ಲಿ ನೂರಾರು ಚಿತ್ರಗಳು ಸೇರಿರುತ್ತವೆ. ಬೆಟ್ಟದ ತುದಿಯಲ್ಲಿ ನಿಂತದ್ದು, ಬಂಡೆಯ ಮೇಲೆ ಕುಳಿತು ಬುತ್ತಿ ಬಿಚ್ಚಿದ್ದು, ಗೆಳೆಯನು ಜಾರಿ ಬಿದ್ದದ್ದು. ಎರಡು ದಿನ ನೋಡಿ ನಗುತ್ತೇವೆ, ಆಮೇಲೆ ಮರೆಯುತ್ತೇವೆ. ಆದರೆ ಹೋದವರು ಮರಳಿ ಬಾರದೆ, ಅವರ ಕ್ಯಾಮರಾ ಮಾತ್ರ ಮರಳಿ ಬಂದರೆ? ಆಗ ಅದೇ ವಿನೋದದ ಚಿತ್ರಗಳು ಸಾಕ್ಷಿಗಳಾಗಿ ನಿಲ್ಲುತ್ತವೆ. ಸಾಕ್ಷಿಯನ್ನು ಪ್ರಶ್ನಿಸುವ ಬಗೆ ತಿಳಿಯದವನ ಕೈಗೆ ಸಿಕ್ಕರೆ ಅವು ದಾರಿಯನ್ನೂ ತಪ್ಪಿಸಬಲ್ಲವು.

ಇಂಥದೊಂದು ಘಟನೆ 2014ರಲ್ಲಿ ಮಧ್ಯ ಅಮೆರಿಕದ ಪನಾಮಾ ದೇಶದಲ್ಲಿ ನಡೆಯಿತು. ಅದರ ರಹಸ್ಯ ಇಂದಿಗೂ ಬಿಡಿಸಿಲ್ಲ.

ಕ್ರಿಸ್ ಕ್ರೆಮರ್ಸ್ ಮತ್ತು ಲಿಸಾನ್ ಫ್ರೂನ್ ಎಂಬಿಬ್ಬರು ಹಾಲೆಂಡಿನ ಅಮರ್ಸ್‌ಫೋರ್ಟ್ ನಗರದ ತರುಣಿಯರು. ಒಬ್ಬಳಿಗೆ 21 ವರ್ಷ, ಇನ್ನೊಬ್ಬಳಿಗೆ 22. ಸ್ಪ್ಯಾನಿಷ್ ಭಾಷೆಯನ್ನು ಕಲಿತು, ಅಲ್ಲಿನ ಮಕ್ಕಳೊಡನೆ ಸೇವೆ ಮಾಡಬೇಕೆಂಬ ಆಸೆಯಿಂದ ಅವರು ಪನಾಮಾದ ಚಿರಿಕಿ ಪ್ರಾಂತದ ಬೊಕೆಟೆ ಎಂಬ ಬೆಟ್ಟದೂರಿಗೆ ಬಂದಿದ್ದರು. 2014ರ ಏಪ್ರಿಲ್ 1ರಂದು, ಎಂದರೆ ನಮ್ಮಲ್ಲಿ ಯುಗಾದಿಯ ಮರುದಿನ, ಎಲ್ ಪಿಯಾನಿಸ್ತಾ ಎಂಬ ಕಾಡುದಾರಿಯನ್ನು ಹಿಡಿದು ನಡೆದರು. ಸಂಜೆಗೆ ಮರಳಬೇಕಾದವರು ಮರಳಲಿಲ್ಲ.

ಆ ದಾರಿ ಏರುತ್ತ ಹೋಗಿ ಖಂಡದ ಜಲವಿಭಾಜಕ ರೇಖೆಯನ್ನು ಮುಟ್ಟುತ್ತದೆ. ಈ ಕಡೆ ಬಿದ್ದ ಮಳೆಹನಿ ಶಾಂತಸಾಗರಕ್ಕೆ, ಆ ಕಡೆ ಬಿದ್ದದ್ದು ಕೆರಿಬಿಯನ್ ಸಮುದ್ರಕ್ಕೆ. ನಮ್ಮ ಪಶ್ಚಿಮಘಟ್ಟದ ಬಿಸಿಲೆ ಪ್ರದೇಶದಲ್ಲಿಯೂ ಅರಬ್ಬೀ ಸಮುದ್ರದ ನೀರನ್ನೂ ಬಂಗಾಳಕೊಲ್ಲಿಯ ನೀರನ್ನೂ ಬೇರ್ಪಡಿಸುವ ಇಂಥ ಏಣಿದೆ. ಚಾರಣಿಗರು ಅದನ್ನು ನೋಡಿಯೇ ಇರುತ್ತಾರೆ. ಇಂಥ ಏಣನ್ನು ದಾಟಿದವನಿಗೆ ಒಂದು ವಿಶೇಷ ಅಪಾಯ ಕಾದಿರುತ್ತದೆ. ದಾರಿ ತಪ್ಪಿದವರು ಹಳ್ಳವನ್ನು ಹಿಡಿದು ಕೆಳಗಿಳಿದರೆ ಊರು ಸಿಕ್ಕುತ್ತದೆಂದು ನಂಬುವುದು ಸಹಜ. ಏಣಿನಾಚೆಯ ಹಳ್ಳವಾದರೋ ಅವರನ್ನು ತಮ್ಮ ಊರಿನಿಂದ ದೂರ ದೂರಕ್ಕೇ ಒಯ್ಯುತ್ತದೆ. ಈ ತರುಣಿಯರು ಏಣಿನ ಮೇಲೆ ನಗುತ್ತ ನಿಂತ ಚಿತ್ರಗಳಿವೆ. ಅದರ ಮುಂದಿನ ಚಿತ್ರಗಳು ಏಣಿನಾಚೆಯವು.

ಈ ಚಿತ್ರಗಳು ಲೋಕಕ್ಕೆ ತಿಳಿದುಬಂದದ್ದು ಎರಡು ತಿಂಗಳುಗಳ ತರುವಾಯ. ಏಪ್ರಿಲ್ ತಿಂಗಳಲ್ಲಿ ವಿಮಾನಗಳೂ ನಾಯಿಗಳೂ ಹಾಲೆಂಡಿನಿಂದ ಬಂದ ಪತ್ತೇದಾರರೂ ಹುಡುಕಿ ಸೋತರು. ಜೂನ್ ನಡುವಿನಲ್ಲಿ ಆಲ್ತೋ ರೊಮೇರೋ ಎಂಬ ಹಳ್ಳಿಯ ಸಮೀಪದ ನದಿಯ ದಂಡೆಯಲ್ಲಿ ಅಲ್ಲಿನ ಮೂಲನಿವಾಸಿ ಮಹಿಳೆಯೊಬ್ಬಳಿಗೆ ನೀಲಿಯ ಬೆನ್ನುಚೀಲವೊಂದು ದೊರೆಯಿತು. ಅದರೊಳಗೆ ಎರಡು ಮೊಬೈಲ್ ಫೋನು, ಎರಡು ತಂಪು ಕನ್ನಡಕ, 83 ಡಾಲರ್ ಹಣ, ನೀರಿನ ಸೀಸೆ, ಫ್ರೂನಳ ಪಾಸ್‌ಪೋರ್ಟು, ಮತ್ತು ಅವಳ ಕ್ಯಾನನ್ ಕ್ಯಾಮರಾ. ಆ ಸ್ಥಳವಿರುವುದು ಕೆರಿಬಿಯನ್ ಕಡೆಯ ಬೊಕಾಸ್ ದೆಲ್ ತೋರೋ ಪ್ರಾಂತದಲ್ಲಿ. ಅನಂತರ ಅದೇ ನದಿಯ ದಂಡೆಗಳಲ್ಲಿ ಒಂದು ಬೂಟೂ ಚದುರಿದ ಕೆಲವು ಎಲುಬುಗಳೂ ಸಿಕ್ಕಿದವು. ಅವು ಆ ಇಬ್ಬರವೇ ಎಂಬುದನ್ನು ಡಿ.ಎನ್.ಎ. ಪರೀಕ್ಷೆ ಖಚಿತಪಡಿಸಿತು.

ಈಗ ಕ್ಯಾಮರಾದ ಮಾತು.

ಅಂಕೀಯ ಕ್ಯಾಮರಾ ಒಂದು ಚಿತ್ರವನ್ನು ತೆಗೆದಾಗ ಬೆಳಕಿನ ಬಿಂಬವನ್ನಷ್ಟೇ ಬರೆದಿಡುವುದಿಲ್ಲ. ಫೈಲಿನ ಮೊದಲ ಭಾಗದಲ್ಲಿ ಒಂದು ಸಣ್ಣ ದಿನಚರಿಯನ್ನೂ ಬರೆಯುತ್ತದೆ: ತೆಗೆದ ದಿನ, ಗಂಟೆ, ನಿಮಿಷ, ಸೆಕೆಂಡು, ಕಿಂಡಿ ಎಷ್ಟು ಹೊತ್ತು ತೆರೆದಿತ್ತು, ಮಸೂರದ ನಾಭಿದೂರ ಎಷ್ಟು, ಫ್ಲ್ಯಾಷ್ ಎಂಬ ಮಿಂಚುದೀಪ ಉರಿಯಿತೋ ಇಲ್ಲವೋ. ಎಕ್ಸಿಫ್ ಎಂದು ಹೆಸರಾದ ಈ ಕ್ರಮವನ್ನು ಜಪಾನಿನ ತಯಾರಕರ ಸಂಘವೊಂದು 1995ರಲ್ಲಿ ರೂಪಿಸಿತು. ನಿಮ್ಮ ಫೋನಿನಲ್ಲಿರುವ ಯಾವುದೇ ಚಿತ್ರದ ವಿವರಗಳನ್ನು ತೆರೆದು ನೋಡಿದರೆ ಇದೇ ದಿನಚರಿ ಕಾಣಿಸುತ್ತದೆ. ಇದಲ್ಲದೆ ಪ್ರತಿ ಚಿತ್ರಕ್ಕೂ ನಾಲ್ಕಂಕಿಯ ಕ್ರಮಸಂಖ್ಯೆಯುಂಟು. ಹೀಗೆ ಕ್ಯಾಮರಾದಲ್ಲಿ ಮೂವರು ಸಾಕ್ಷಿಗಳಿದ್ದಾರೆಂದು ಭಾವಿಸಬಹುದು: ಬಿಂಬ, ಗಡಿಯಾರ, ಎಣಿಕೆ. ಒಬ್ಬರ ಮಾತನ್ನು ಇನ್ನೊಬ್ಬರ ಮಾತಿಗೆ ಒರೆಹಚ್ಚಿ ನೋಡುವುದೇ ಪರೀಕ್ಷಕನ ಕೆಲಸ.

ಗಡಿಯಾರವನ್ನು ಮೊದಲು ವಿಚಾರಿಸೋಣ. ಫೋನಿನ ಗಡಿಯಾರವನ್ನು ದೂರವಾಣಿಯ ಜಾಲವೇ ತಿದ್ದುತ್ತಿರುತ್ತದೆ. ಸಣ್ಣ ಕ್ಯಾಮರಾದ ಗಡಿಯಾರವನ್ನಾದರೋ ಒಡೆಯನು ಕೈಯಿಂದ ಹೊಂದಿಸಬೇಕು. ಪರದೇಶಕ್ಕೆ ಹೋದವನು ಮರೆತರೆ ಎಲ್ಲ ಚಿತ್ರಗಳ ವೇಳೆಯೂ ಒಂದೇ ಪ್ರಮಾಣದಲ್ಲಿ ತಪ್ಪುತ್ತದೆ. ಇದನ್ನು ಕಂಡುಹಿಡಿಯಲು ಒಂದು ಹಳೆಯ ಉಪಾಯ ಸಾಕು: ನೆರಳನ್ನು ನೋಡುವುದು.

ಬೊಕೆಟೆ ಇರುವುದು ಉತ್ತರ ಅಕ್ಷಾಂಶ ಸುಮಾರು 8.8 ಡಿಗ್ರಿಯಲ್ಲಿ. ಏಪ್ರಿಲ್ 1ರಂದು ಸೂರ್ಯ ಭೂಮಧ್ಯರೇಖೆಯಿಂದ ಉತ್ತರಕ್ಕೆ ಸುಮಾರು 4.5 ಡಿಗ್ರಿ ಸರಿದಿರುತ್ತಾನೆ. ಆದಕಾರಣ ನಡುಹಗಲಿನಲ್ಲಿ ಅವನು ನೆತ್ತಿಯಿಂದ 4 ಡಿಗ್ರಿಗಿಂತ ತುಸು ಹೆಚ್ಚು ದೂರದಲ್ಲಿರುವನು. ಒಂದು ಮೀಟರ್ ಎತ್ತರದ ಕೋಲಿನ ನೆರಳು ಏಳೆಂಟು ಸೆಂಟಿಮೀಟರಿಗಿಂತ ಉದ್ದವಿರದು. ಅಲ್ಲಿಯ ಗಡಿಯಾರದಲ್ಲಿ ಈ ನಡುಹಗಲು 12 ಗಂಟೆ 34 ನಿಮಿಷಕ್ಕೆ. ಎರಡು ಗಂಟೆಗೆ ಐದಾರು ನಿಮಿಷ ಮುಂಚೆ ಅದೇ ನೆರಳು ಸುಮಾರು 37 ಸೆಂಟಿಮೀಟರ್ ಆಗಿ ಪೂರ್ವದ ಕಡೆಗೆ ಚಾಚಿರುತ್ತದೆ. ಅದಕ್ಕೂ ಒಂದು ಗಂಟೆ ಮೊದಲು 12 ಸೆಂಟಿಮೀಟರ್, ಒಂದು ಗಂಟೆ ಅನಂತರ 70. ಅಂತರ ಇಷ್ಟು ದೊಡ್ಡದಾಗಿರುವಲ್ಲಿ, ಬಯಲಿನಲ್ಲಿ ನಿಂತವರ ನೆರಳು ಚೆನ್ನಾಗಿ ಬಿದ್ದಿರುವ ಒಂದೇ ಒಂದು ಚಿತ್ರವಿದ್ದರೂ ಕ್ಯಾಮರಾದ ಗಡಿಯಾರ ಒಂದು ಗಂಟೆಯಷ್ಟು ತಪ್ಪಿದೆಯೇ ಎಂಬುದನ್ನು ಪತ್ತೆಹಚ್ಚಬಹುದು.

ಇದನ್ನು ಓದುಗರು ತಾವೇ ಮಾಡಿ ನೋಡಬಹುದು. ಜಿಗಣಿಯ ಶಾಲೆಯೊಂದರ ಅಂಗಳದಲ್ಲಿ ಒಂದು ಮೀಟರಿನ ಕೋಲನ್ನು ಸೀಸದ ಗುಂಡಿನ ನೂಲು ಹಿಡಿದು ನೇರವಾಗಿ ನೆಟ್ಟು, ಗಂಟೆಗೊಮ್ಮೆ ಫೋನಿನಿಂದ ಅದರ ಚಿತ್ರ ತೆಗೆಯಿರಿ. ಗೆಳೆಯನೊಬ್ಬನು ಚಿತ್ರವನ್ನು ಮಾತ್ರ ನೋಡಿ, ವಿವರಗಳನ್ನು ನೋಡದೆ, ವೇಳೆಯನ್ನು ಹೇಳಬೇಕು. ಏಪ್ರಿಲ್ 23-24ರ ಸುಮಾರಿಗೆ ನಮ್ಮಲ್ಲಿ ಮಧ್ಯಾಹ್ನ 12 ಗಂಟೆ 17 ನಿಮಿಷದ ಹೊತ್ತಿಗೆ ಕೋಲಿನ ನೆರಳೇ ಇರುವುದಿಲ್ಲ; ಅಂದು ಮಾಡಿದರೆ ಲೆಕ್ಕ ಇನ್ನೂ ಸುಲಭ. ಕಾಡಿನ ಮರಗಳಡಿಯಲ್ಲಿ ಈ ಉಪಾಯ ನಡೆಯದೆಂಬುದನ್ನು ಹೇಳಬೇಕಾಗಿಲ್ಲ.

ಕ್ಯಾಮರಾದ ಪ್ರಕಾರ ಆ ತರುಣಿಯರ ಹಗಲಿನ ಕೊನೆಯ ಚಿತ್ರಗಳು ಎರಡು ಗಂಟೆಗೆ ತುಸು ಮೊದಲಿನವು. ಈಗ ಫೋನುಗಳ ಸಾಕ್ಷ್ಯವನ್ನು ಪಕ್ಕದಲ್ಲಿಡೋಣ. ಅದೇ ದಿನ ಸಂಜೆ 4 ಗಂಟೆ 39 ನಿಮಿಷಕ್ಕೆ ಒಂದು ಫೋನಿನಿಂದ 112 ಎಂಬ ತುರ್ತು ಸಂಖ್ಯೆಗೆ ಕರೆ ಹೋಗಿದೆ. ಹನ್ನೆರಡು ನಿಮಿಷಗಳ ತರುವಾಯ ಇನ್ನೊಂದರಿಂದಲೂ ಹೋಗಿದೆ. ಬೆಟ್ಟದ ಮರೆಯಲ್ಲಿ ಸಂಕೇತ ಸಿಕ್ಕಲಿಲ್ಲ. ಅಲ್ಲಿ ಸೂರ್ಯ ಮುಳುಗುವುದು ಆರೂವರೆ ದಾಟಿದ ಮೇಲೆ. ಮೊದಲ ಕರೆಯ ವೇಳೆ ಇನ್ನೂ ಎರಡು ಗಂಟೆಯ ಹಗಲಿತ್ತು. ಕತ್ತಲಿಗೆ ಹೆದರಿ ಕರೆದದ್ದಲ್ಲವೆಂದು ಇದರಿಂದ ತೋರುತ್ತದೆ. ಆ ಎರಡೂಮುಕ್ಕಾಲು ಗಂಟೆಯೊಳಗೆ ಏನೋ ನಡೆಯಿತು. ಏನೆಂಬುದನ್ನು ಯಾವ ಚಿತ್ರವೂ ತೋರಿಸುವುದಿಲ್ಲ. ಮುಂದಿನ ದಿನಗಳಲ್ಲಿಯೂ ಕರೆಗಳಾದವು. ಏಪ್ರಿಲ್ 3ರ ಒಂದು ಕರೆ ಮಾತ್ರ ಸೆಕೆಂಡಿನಷ್ಟು ಹೊತ್ತು ತಾಗಿ ಕಡಿದುಹೋಯಿತು.

ಇನ್ನು ಎಣಿಕೆ. ಕೊನೆಯ ಹಗಲಿನ ಚಿತ್ರದ ಸಂಖ್ಯೆ 508. ಮುಂದೆ ಇರುವುದು 510. ನಡುವಿನ 509 ಇಲ್ಲ!

ಈ ಒಂದು ಅಂಕಿಯ ಸುತ್ತ ಹೆಣೆದ ಕಥೆಗಳಿಗೆ ಲೆಕ್ಕವಿಲ್ಲ. ಕೊಲೆಗಾರನ ಮುಖವೇ ಅದರಲ್ಲಿತ್ತೆಂದು ಹಲವರು ನಂಬಿದರು. ಆದುದರಿಂದ ಮೆಮೊರಿ ಕಾರ್ಡಿನಲ್ಲಿ ಅಳಿಸುವಿಕೆ ಎಂದರೇನೆಂಬುದನ್ನು ತಿಳಿಯುವುದು ಒಳ್ಳೆಯದು. ಗ್ರಂಥಾಲಯದಲ್ಲಿ ಒಂದು ಪುಸ್ತಕವನ್ನು ರದ್ದುಮಾಡುವಾಗ ಪುಸ್ತಕವನ್ನು ಸುಡದೆ, ಸೂಚಿಯ ಚೀಟಿಯ ಮೇಲೆ ಮಾತ್ರ ಅಡ್ಡಗೆರೆ ಎಳೆದಂತೆ ಅದು. ಕಾರ್ಡಿನ ಸೂಚಿಯಲ್ಲಿ ಫೈಲಿನ ಹೆಸರಿನ ಮೊದಲ ಅಕ್ಷರವಿದ್ದ ಜಾಗದಲ್ಲಿ ಒಂದು ಗುರುತು ಬೀಳುತ್ತದೆ. ಚಿತ್ರವಿದ್ದ ಸ್ಥಳ ಖಾಲಿಯೆಂದು ಘೋಷಿತವಾಗುತ್ತದೆ. ಆ ಸ್ಥಳದಲ್ಲಿ ಇನ್ನೊಂದು ಚಿತ್ರ ಬಂದು ಕೂರುವವರೆಗೆ ಹಳೆಯದು ಹಾಗೆಯೇ ಇರುತ್ತದೆ. ಪರಿಣತರು ಅದನ್ನು ಹೊರತೆಗೆಯಬಲ್ಲರು. ಹೊಸದು ಬಂದು ಕುಳಿತ ಮೇಲೆ ಹಳೆಯದು ಹೋದಂತೆಯೇ. ಕ್ಯಾಮರಾದಲ್ಲಿಯೇ ಒಂದು ಚಿತ್ರವನ್ನು ಅಳಿಸಿ ಅನಂತರ ಹತ್ತಾರು ಚಿತ್ರಗಳನ್ನು ತೆಗೆದರೆ ಹೀಗಾಗುವುದು ಸಾಧ್ಯ. ಬರೆಯುತ್ತಿರುವಾಗ ಕ್ಯಾಮರಾ ಕೆಳಗೆ ಬಿದ್ದು ವಿದ್ಯುತ್ ಕಡಿದುಹೋದರೂ ಎಣಿಕೆ ಮುಂದೆ ಸಾಗಿ ಚಿತ್ರ ಉಳಿಯದಿರಬಹುದು. ಚೀಲ ಸಿಕ್ಕಿದ ಮೇಲೆ ಯಾರೋ ಗಣಕಯಂತ್ರದಲ್ಲಿ ಅಳಿಸಿದರೂ ಹಾಗೆಯೇ. 509 ಇಲ್ಲವೆಂಬುದು ಸಂಗತಿ. ಏಕಿಲ್ಲವೆಂಬುದಕ್ಕೆ ಆ ಅಂಕಿಯಲ್ಲಿ ಉತ್ತರವಿಲ್ಲ.

ಹಾಗೆಂದು ಇದು ಈ ಕಾಲದ ಯಂತ್ರಗಳಿಗೆ ಮಾತ್ರ ಅಂಟಿದ ಗೊಂದಲವೆಂದು ಭಾವಿಸಬಾರದು. 1959ರ ಫೆಬ್ರವರಿ 1ರ ರಾತ್ರಿ ರಷ್ಯದ ಉತ್ತರ ಯೂರಲ್ ಪರ್ವತದಲ್ಲಿ ದ್ಯಾತ್ಲೊವ್ ಎಂಬ ವಿದ್ಯಾರ್ಥಿಯ ನಾಯಕತ್ವದ ಒಂಬತ್ತು ಮಂದಿ ಚಾರಣಿಗರು ಮಡಿದರು. ಅವರಲ್ಲಿ ಹೆಚ್ಚಿನವರು ಒಂದೇ ಇಂಜಿನಿಯರಿಂಗ್ ಕಾಲೇಜಿಗೆ ಸೇರಿದವರು. ಒಳಗಿನಿಂದಲೇ ಸೀಳಿದ ಅವರ ಗುಡಾರವೂ ಕ್ಯಾಮರಾಗಳೂ ಸಿಕ್ಕಿದವು. ಒಂದು ಫಿಲ್ಮಿನ ಕೊನೆಯ ಚೌಕದಲ್ಲಿ ಕತ್ತಲೆಯ ನಡುವೆ ಮಸುಕಾದ ಬೆಳಕಿನ ಕಲೆಗಳಿದ್ದವು. ಆಕಾಶದಲ್ಲಿ ಬೆಂಕಿಯ ಗೋಳವೆಂದು ಕೆಲವರು ಅದನ್ನು ದಶಕಗಳ ಕಾಲ ಚರ್ಚಿಸಿದರು. ಕ್ಯಾಮರಾದಿಂದ ಫಿಲ್ಮನ್ನು ತೆಗೆಯುವಾಗ ಬಿದ್ದ ಬೆಳಕೂ ಅಂಥ ಕಲೆಯನ್ನು ಮಾಡಬಲ್ಲದು. ಆದರೆ ಯಾರೂ ಬೆರಗಾಗದ ಇನ್ನೊಂದು ಸಾಧಾರಣ ಚಿತ್ರವಿತ್ತು. ಅದರಲ್ಲಿ ಅವರು ಗುಡಾರಕ್ಕಾಗಿ ಹಿಮದ ಇಳಿಜಾರನ್ನು ಕಡಿದು ಸಮಮಾಡುತ್ತಿದ್ದಾರೆ. 2021ರಲ್ಲಿ ಗೋಮ್ ಮತ್ತು ಪುಜ್ರಿನ್ ಎಂಬ ವಿಜ್ಞಾನಿಗಳು ಹೀಗೆ ಇಳಿಜಾರನ್ನು ಕಡಿದುದರಿಂದ, ಗಾಳಿ ತಂದು ಹೇರಿದ ಹಿಮದ ಭಾರಕ್ಕೆ ಕೆಲವು ಗಂಟೆಗಳ ಅನಂತರ ಸಣ್ಣ ಹಿಮಪಾತವಾಗುವುದು ಸಾಧ್ಯವೆಂದು ಗಣಿತದಿಂದ ತೋರಿಸಿದರು. ಬೆರಗಿನ ಚಿತ್ರವಾದರೋ ಅರವತ್ತು ವರ್ಷಗಳಲ್ಲಿ ಏನನ್ನೂ ತಿಳಿಸಲಿಲ್ಲ.

ಪನಾಮಾಕ್ಕೆ ಮರಳೋಣ. 508ರ ತರುವಾಯ ಒಂದು ವಾರ ಕ್ಯಾಮರಾ ಮೌನವಾಗಿತ್ತು. ಏಪ್ರಿಲ್ 8ರ ನಡುರಾತ್ರಿ ಕಳೆದ ಮೇಲೆ, ಒಂದು ಗಂಟೆಗೂ ನಾಲ್ಕು ಗಂಟೆಗೂ ನಡುವೆ, ಅದು ಸುಮಾರು 90 ಚಿತ್ರಗಳನ್ನು ತೆಗೆಯಿತು. ಸರಾಸರಿ ಎರಡು ನಿಮಿಷಕ್ಕೊಂದು. ಎಲ್ಲವೂ ಮಿಂಚುದೀಪದ ಚಿತ್ರಗಳೇ.

ಹೆಚ್ಚಿನವುಗಳಲ್ಲಿ ಕಾಣುವುದು ಕತ್ತಲೆ ಮಾತ್ರ. ಕೆಲವುಗಳಲ್ಲಿ ಬಂಡೆ, ಎಲೆ, ಮೇಲೆ ಚಾಚಿದ ಕೊಂಬೆಗಳಿವೆ. ಒಂದರಲ್ಲಿ ಬಂಡೆಯ ಮೇಲಿಟ್ಟ ಕಡ್ಡಿಗೆ ಪ್ಲಾಸ್ಟಿಕ್ ಚೂರುಗಳನ್ನು ಕಟ್ಟಿದಂತಿದೆ. ಇನ್ನೊಂದರಲ್ಲಿ ಕ್ರೆಮರ್ಸಳ ತಲೆಯ ಹಿಂಭಾಗದ ಕೂದಲು ಕಾಣುತ್ತದೆ. ಒಂದೇ ಬಂಡೆ, ಒಂದೇ ಕೊಂಬೆ ಹಲವು ಚಿತ್ರಗಳಲ್ಲಿ ಮರುಕಳಿಸುತ್ತವೆ. ಇದು ಬೆಲೆಯುಳ್ಳ ಸುಳಿವು. ಚಿತ್ರಗಳ ಹೊಂದುವ ಅಂಚುಗಳನ್ನು ಒಂದರ ಮೇಲೊಂದು ಇರಿಸಿ ಜೋಡಿಸುತ್ತ ಹೋದರೆ ಸುತ್ತಲಿನ ಸ್ಥಳದ ವಿಸ್ತಾರವಾದ ನೋಟವೊಂದು ದೊರೆಯುತ್ತದೆ. ಹತ್ತಿರದ ವಸ್ತುವೂ ದೂರದ ವಸ್ತುವೂ ಪರಸ್ಪರ ಎಷ್ಟು ಸರಿದವೆಂಬುದರಿಂದ ಕ್ಯಾಮರಾ ಜಾಗ ಬಿಟ್ಟು ಎಷ್ಟು ಕದಲಿತೆಂಬುದನ್ನೂ ಅಂದಾಜು ಮಾಡಬಹುದು. ಓಡುವ ರೈಲಿನಿಂದ ನೋಡುವಾಗ ಹತ್ತಿರದ ಕಂಬಗಳು ಓಡುತ್ತವೆ, ದೂರದ ಬೆಟ್ಟ ನಿಂತಿರುತ್ತದೆ, ತತ್ತ್ವ ಅದೇ.

ಮಿಂಚುದೀಪದ ಚಿತ್ರಗಳನ್ನು ಓದುವಾಗ ಮಾತ್ರ ಎರಡು ಎಚ್ಚರಿಕೆ ಬೇಕು. ದೀಪದ ಬೆಳಕು ದೂರದ ವರ್ಗಕ್ಕೆ ವಿಲೋಮವಾಗಿ ಕುಗ್ಗುತ್ತದೆ. ಎರಡು ಮೀಟರಿನಲ್ಲಿರುವ ಬಂಡೆಗೆ ಬಿದ್ದ ಬೆಳಕಿನ ಇಪ್ಪತ್ತೈದನೆಯ ಒಂದು ಭಾಗ ಮಾತ್ರ ಹತ್ತು ಮೀಟರಿನ ಮರಕ್ಕೆ ಬೀಳುತ್ತದೆ. ಆದುದರಿಂದ ಹಿನ್ನೆಲೆ ಕಪ್ಪಾಗಿದ್ದರೆ ಅಲ್ಲಿ ಏನೂ ಇರಲಿಲ್ಲವೆಂದಾಗಲಿ ಪ್ರಪಾತವಿತ್ತೆಂದಾಗಲಿ ಹೇಳಬರುವುದಿಲ್ಲ. ಇದಕ್ಕೆ ತಿರುಗುಮುರುಗಾಗಿ, ಮಸೂರದಿಂದ ಹತ್ತು ಸೆಂಟಿಮೀಟರ್ ದೂರದಲ್ಲಿ ತೇಲುವ ಮಳೆಹನಿಯ ಮೇಲೆ ಮೂರು ಮೀಟರ್ ದೂರದ ಎಲೆಗಿಂತ ಸುಮಾರು 900 ಪಾಲು ತೀಕ್ಷ್ಣವಾದ ಬೆಳಕು ಬೀಳುತ್ತದೆ. ಚಿತ್ರದಲ್ಲಿ ಅದು ಬೆಳ್ಳಿಯ ಬಿಲ್ಲೆಯಂತೆ ಹೊಳೆಯುತ್ತದೆ. ಜಡಿಮಳೆಯಲ್ಲಿ ಮನೆಯ ಜಗುಲಿಯಿಂದ ಒಂದು ಮಿಂಚುಚಿತ್ರ ತೆಗೆದವರಿಗೆ ಈ ಬಿಲ್ಲೆಗಳ ಪರಿಚಯವಿದೆ. ತೆಗೆಯದವರು ಅವನ್ನು ಭೂತಗಳೆಂದು ಕರೆಯುತ್ತಾರೆ. ಬಣ್ಣದ ಮಾತೂ ಹೀಗೆಯೇ. ಹತ್ತಿರದಿಂದ ಮಿಂಚು ಬಿದ್ದಾಗ ಕ್ಯಾಮರಾ ತನ್ನಷ್ಟಕ್ಕೆ ಬಣ್ಣಗಳನ್ನು ತಿದ್ದಿಕೊಳ್ಳುತ್ತದೆ. ಅಂಥ ಚಿತ್ರದಲ್ಲಿ ಕೂದಲಿನ ಕೆಂಪನ್ನು ನೋಡಿ ಗಾಯವಿತ್ತು, ಇಲ್ಲ ಎಂದು ತೀರ್ಮಾನಿಸುವುದು ದುಡುಕು.

ಆ ರಾತ್ರಿಯೇ ಏಕೆ? ಇದಕ್ಕೆ ನಮ್ಮ ಪಂಚಾಂಗ ಒಂದು ಸಣ್ಣ ಸಹಾಯ ಮಾಡುತ್ತದೆ. 2014ರ ಏಪ್ರಿಲ್ 8 ರಾಮನವಮಿ. ಎಂದರೆ ಅದು ಅಷ್ಟಮಿ-ನವಮಿಗಳ ಅರ್ಧಚಂದ್ರನ ರಾತ್ರಿ. ಅಂಥ ಚಂದ್ರ ಮಧ್ಯರಾತ್ರಿ ಕಳೆದು ಒಂದೆರಡು ಗಂಟೆಯೊಳಗೆ ಪಶ್ಚಿಮದಲ್ಲಿ ಮುಳುಗುತ್ತಾನೆ. ಆಳವಾದ ಕಣಿವೆಯಲ್ಲಿ ಅದಕ್ಕೂ ಬಹು ಮುಂಚೆ ಮರೆಯಾಗುತ್ತಾನೆ. ಚಿತ್ರಗಳು ಶುರುವಾದದ್ದು ಹೆಚ್ಚುಕಡಮೆ ಆ ಹೊತ್ತಿಗೆ. ಇದ್ದ ಮಂಕು ಬೆಳಕೂ ಹೋದಾಗ ಅವರು ಮಿಂಚುದೀಪವನ್ನು ಉರಿಸತೊಡಗಿದರೆಂದು ಈ ಲೇಖಕನಿಗೆ ತೋರುತ್ತದೆ. ಇದು ಊಹೆಯೇ ಹೊರತು ಸಿದ್ಧಾಂತವಲ್ಲ. ಹುಡುಕುವವರಿಗೆ ಸನ್ನೆ ಮಾಡಲೆಂದೇ, ಎದುರಿನ ಸ್ಥಳವನ್ನು ಕಾಣಲೆಂದೇ, ಯಾವುದೋ ಮೃಗವನ್ನು ಓಡಿಸಲೆಂದೇ ಎಂಬುದು ನಿಶ್ಚಯವಿಲ್ಲ. ಹುಡುಕಾಟ ಆ ದಿನಗಳಲ್ಲಿ ನಡೆಯುತ್ತಲೇ ಇತ್ತೆಂಬುದು ನಿಜ. ಮಿಂಚುದೀಪ ಉರಿಯುವುದು ಸೆಕೆಂಡಿನ ಸಾವಿರದ ಒಂದು ಭಾಗದಷ್ಟು ಹೊತ್ತು. ಮರಗಳ ಚಪ್ಪರದಾಚೆಗೆ ಅದನ್ನು ಕಂಡವರಿಲ್ಲ.

ಹಳೆಯ ಫಿಲ್ಮಿಗೂ ಹೊಸ ಕಾರ್ಡಿಗೂ ಇರುವ ಭೇದವನ್ನು ಇಲ್ಲಿಯೇ ಹೇಳಿಬಿಡಬಹುದು. 1897ರ ಜುಲೈ 11ರಂದು ಸ್ವೀಡನ್ ದೇಶದ ಆಂದ್ರೇ ಎಂಬ ಇಂಜಿನಿಯರನು ಇಬ್ಬರು ಸಂಗಾತಿಗಳೊಡನೆ ಜಲಜನಕದ ಬಲೂನಿನಲ್ಲಿ ಉತ್ತರ ಧ್ರುವಕ್ಕೆ ಹೊರಟನು. ಮೂರೇ ದಿನಗಳಲ್ಲಿ ಬಲೂನು ಹಿಮದ ಮೇಲೆ ಇಳಿಯಿತು. ಮೂವರೂ ತಿಂಗಳುಗಟ್ಟಲೆ ಹಿಮದ ಮೇಲೆ ನಡೆದು ಕಣ್ಮರೆಯಾದರು. 33 ವರ್ಷಗಳ ಅನಂತರ, 1930ರಲ್ಲಿ, ಬಿಳಿಯ ದ್ವೀಪ ಎಂದೇ ಹೆಸರಾದ ನಿರ್ಜನ ದ್ವೀಪದಲ್ಲಿ ಅವರ ದೇಹಗಳೂ ಡೈರಿಗಳೂ ಫಿಲ್ಮುಗಳೂ ದೊರೆತವು. ಬೆಳಕು ಬಿದ್ದ ಬೆಳ್ಳಿಯ ಲವಣದ ಹರಳಿನಲ್ಲಿ ಕೆಲವೇ ಬೆಳ್ಳಿಯ ಪರಮಾಣುಗಳು ಕೂಡಿ ನಿಂತಿರುತ್ತವೆ. ಕಣ್ಣಿಗೆ ಕಾಣದ ಆ ಬಿಂಬ ಡೆವಲಪರ್ ದ್ರಾವಣವನ್ನು ಕಾಯುತ್ತಿರುತ್ತದೆ. ಚಳಿ ಅದನ್ನು ಕಾಪಾಡಿತ್ತು. ಸ್ಟಾಕ್‌ಹೋಮಿನ ಜಾನ್ ಹರ್ಟ್ಸ್‌ಬೆರ್ಗ್ ಬಹು ಜಾಗರೂಕತೆಯಿಂದ ಕೆಲಸಮಾಡಿ 240 ಚಿತ್ರಗಳ ಪೈಕಿ 93ನ್ನು ಉಳಿಸಿದನು. ಮಗ್ಗುಲಾಗಿ ಬಿದ್ದ ಬಲೂನನ್ನು ನೋಡುತ್ತ ನಿಂತ ಇಬ್ಬರ ಚಿತ್ರ ಅವುಗಳಲ್ಲೊಂದು. ಆ ಮೂವರು ಹೇಗೆ ಸತ್ತರೆಂಬುದು ಮಾತ್ರ ಅಷ್ಟು ಚಿತ್ರಗಳಿದ್ದೂ ಇತ್ಯರ್ಥವಾಗಿಲ್ಲ. ಹಿಮಕರಡಿಯ ಮಾಂಸದಲ್ಲಿದ್ದ ಪರೋಪಜೀವಿ ಹುಳು ಕಾರಣವೆಂದು 1952ರಲ್ಲಿ ಡೇನಿಷ್ ವೈದ್ಯನೊಬ್ಬನು ವಾದಿಸಿದನು, ಎಲ್ಲರೂ ಒಪ್ಪಲಿಲ್ಲ.

ಫಿಲ್ಮಿನ ಸುರುಳಿಯಲ್ಲಿ ಚೌಕಗಳು ಒಂದರ ಪಕ್ಕದಲ್ಲೊಂದು ಅಂಟಿರುತ್ತವೆ. ನಡುವಿನ ಒಂದನ್ನು ಕತ್ತರಿಸಿ ತೆಗೆದರೆ ಕತ್ತರಿಯ ಗುರುತು ಉಳಿಯುತ್ತದೆ. ಕಾರ್ಡಿನ ದಿನಚರಿಯನ್ನಾದರೋ ಗಣಕಯಂತ್ರವಿರುವ ಯಾರೂ ತಿದ್ದಬಹುದು. ಆದುದರಿಂದ ಇಂದಿನ ಪರೀಕ್ಷಕರು ಕಾರ್ಡು ಕೈಗೆ ಬಂದೊಡನೆ, ಅದರ ಮೇಲೆ ಏನನ್ನೂ ಬರೆಯಲು ಬಿಡದ ಉಪಕರಣದ ಮೂಲಕ ಅದರ ಪಡಿಯಚ್ಚನ್ನು ತೆಗೆದುಕೊಂಡು, ಇಡೀ ಅಚ್ಚಿಗೆ ಹ್ಯಾಷ್ ಎಂಬ ಒಂದು ಗಣಿತದ ಮುದ್ರೆಯನ್ನು ಲೆಕ್ಕಹಾಕಿ ಬರೆದಿಡುತ್ತಾರೆ. ಒಂದೇ ಒಂದು ಅಂಕ ಬದಲಾದರೂ ಮುದ್ರೆ ಪೂರ್ತಿ ಬೇರೆಯಾಗುತ್ತದೆ. ನಮ್ಮ ದೇಶದಲ್ಲಿ 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮವು ವಿದ್ಯುನ್ಮಾನ ದಾಖಲೆಯೊಡನೆ ಒಪ್ಪಿಸಬೇಕಾದ ಪ್ರಮಾಣಪತ್ರದಲ್ಲಿ ಈ ಮುದ್ರೆಯನ್ನೂ ಕೇಳುತ್ತದೆ. ಮುದ್ರೆ ಹಾಕುವುದಕ್ಕೆ ಮೊದಲು ಏನಾಯಿತೆಂಬುದನ್ನು ಅದು ಹೇಳಲಾರದು. ಪನಾಮಾದ ಕ್ಯಾಮರಾ ಎರಡು ತಿಂಗಳು ಯಾರ ಕಣ್ಣಿಗೂ ಬೀಳದೆ ಇತ್ತು.

ಅವರು ಜಾರಿ ಬಿದ್ದು ಗಾಯಗೊಂಡಿರಬೇಕು, ಇದು ಅಪಘಾತವೇ ಇರಬೇಕು ಎಂದು ಹಾಲೆಂಡಿನ ಪರಿಣತರು ಅಭಿಪ್ರಾಯಪಟ್ಟರು. ಒಪ್ಪದವರು ಈಗಲೂ ಉಂಟು. ಚಿತ್ರಗಳು ಹೊರಬಿದ್ದ ಮೇಲೆ ಸಾವಿರಾರು ಜನ ಮನೆಯಲ್ಲಿ ಕುಳಿತು ಅವುಗಳಲ್ಲಿ ಮುಖಗಳನ್ನೂ ಕೈಗಳನ್ನೂ ಹುಡುಕಿದರು. ಆ ಊರಿನ ಬದುಕಿರುವ ಜನರ ಮೇಲೆ, ಯಾವ ನ್ಯಾಯಾಲಯವೂ ಹೊರಿಸದ ಆರೋಪಗಳನ್ನು ಹೊರಿಸಿದರು. ಮಸುಕಾದ ಚುಕ್ಕೆಗಳಲ್ಲಿ ಮುಖವನ್ನು ಕಾಣುವುದು ನಮ್ಮ ಮಿದುಳಿನ ಹುಟ್ಟುಗುಣ. ಮೋಡದಲ್ಲಿ ಆನೆಯನ್ನು ಕಂಡ ಮಗುವಿನಿಂದ ಯಾರಿಗೂ ಕೇಡಿಲ್ಲ, ಇಲ್ಲಿ ಹಾಗಲ್ಲ.

ಫೋನುಗಳಲ್ಲೊಂದು ಏಪ್ರಿಲ್ 5ರ ಹೊತ್ತಿಗೆ ಬ್ಯಾಟರಿ ತೀರಿ ಸುಮ್ಮನಾಗಿತ್ತು. ಇನ್ನೊಂದನ್ನು ಕೊನೆಯ ಸಲ ತೆರೆದದ್ದು ಏಪ್ರಿಲ್ 11ರ ಬೆಳಿಗ್ಗೆ 10 ಗಂಟೆ 51 ನಿಮಿಷಕ್ಕೆ. ಒಂದು ಗಂಟೆಗೂ ತುಸು ಹೆಚ್ಚು ಹೊತ್ತು ಅದು ಎಚ್ಚರವಾಗಿತ್ತು, ಆಮೇಲೆ ಆರಿತು. ಸರಿಯಾದ ಗುಪ್ತಸಂಖ್ಯೆಯನ್ನು ಯಾರೂ ಒತ್ತಿರಲಿಲ್ಲ. ಕ್ಯಾಮರಾದಲ್ಲಿ ಆ ದಿನದ ಚಿತ್ರ ಒಂದೂ ಇಲ್ಲ.